ಹಳೆಯ ಡಿಕ್ರಿಯೂ ಹೊಲದ ಬದುವೂ: ಪೊಲೀಸರ ನೆರವನ್ನು ಪಡೆಯತಕ್ಕ ಕ್ರಮ

ಬೀಜವು ಚೆನ್ನಾಗಿದ್ದು, ಗೊಬ್ಬರವು ಸಕಾಲಕ್ಕೆ ಒದಗಿ, ಮಳೆಯು ಹದವಾಗಿ ಬಿದ್ದಾಗ್ಯೂ, ತನ್ನ ಹೊಲದ ಮೇರೆ ಎಲ್ಲಿಗೆ ಮುಗಿಯುತ್ತದೆಂಬುದು ನಿಶ್ಚಯವಿಲ್ಲದ ರೈತನಿಗೆ ಬೆಳೆಯು ಕೈಸೇರುವ ಭರವಸೆಯಿರುವುದಿಲ್ಲ. ಶರಣಸಿರಸಗಿಯೇ ಮೊದಲಾದ ಕಲಬುರಗಿಯ ಆಸುಪಾಸಿನ ಗ್ರಾಮಗಳಲ್ಲಿ ಈ ಮಾತು ಹಿಂದಿಗಿಂತಲೂ ಈಗ ಹೆಚ್ಚು ಸತ್ಯವಾಗಿರುತ್ತದೆ. ನಗರವು ಬೆಳೆದಂತೆಲ್ಲ ಅದರ ಅಂಚಿನ ಎರೆಹೊಲಗಳನ್ನು ಎಕರೆಯ ಲೆಕ್ಕದಲ್ಲಿ ಕೇಳುತ್ತಿದ್ದವರು ಗುಂಟೆಯ ಲೆಕ್ಕದಲ್ಲಿಯೂ, ಗುಂಟೆಯ ಲೆಕ್ಕದಲ್ಲಿ ಕೇಳುತ್ತಿದ್ದವರು ಅಡಿಯ ಲೆಕ್ಕದಲ್ಲಿಯೂ ಕೇಳತೊಡಗುತ್ತಾರೆ. ಹಿರಿಯರ ಕಾಲದಲ್ಲಿ ಒಂದು ಸಾಲು ಅತ್ತಿತ್ತ ಸರಿದರೂ ಮಾತಿನಲ್ಲಿಯೇ ತೀರುತ್ತಿದ್ದ ಸಂಗತಿಯು ಮಕ್ಕಳ ಕಾಲಕ್ಕೆ ಕೊಡಲಿ ಬಡಿಗೆಗಳವರೆಗೆ ಹೋಗುವುದಕ್ಕೆ ಇದೇ ಮುಖ್ಯ ಕಾರಣವು.

ಇಂಥ ಗ್ರಾಮಗಳಲ್ಲಿ ಪದೇ ಪದೇ ಕಂಡುಬರುವ ಒಂದು ಪರಿಸ್ಥಿತಿಯುಂಟು. ತಂದೆಯೋ ಅಜ್ಜನೋ ಮೂವತ್ತು ನಾಲ್ವತ್ತು ವರ್ಷಗಳ ಹಿಂದೆ ನೆರೆಹೊಲದವರ ಮೇಲೆ ದಾವೆ ಹೂಡಿ ಗೆದ್ದು, ಡಿಕ್ರಿಯ ನಕಲನ್ನು ಪೆಟ್ಟಿಗೆಯಲ್ಲಿಟ್ಟು ತೀರಿಕೊಂಡಿರುತ್ತಾನೆ. ಸೋತವನೂ ತೀರಿಕೊಂಡಿರುತ್ತಾನೆ. ಈಗ ಅವನ ಮಕ್ಕಳು ಬದುವನ್ನು ಒಡೆದು ಎರಡು ಸಾಲು ಒಳಗೆ ಬಿತ್ತುತ್ತಾರೆ. ಇವನು ಡಿಕ್ರಿಯನ್ನು ಹಿಡಿದು ನೇರವಾಗಿ ಪೊಲೀಸ್ ಠಾಣೆಗೆ ಹೋಗುತ್ತಾನೆ. ಅಲ್ಲಿ, ಇದು ಸಿವಿಲ್ ಸ್ವರೂಪದ ವ್ಯಾಜ್ಯವಾದುದರಿಂದ ನ್ಯಾಯಾಲಯದಲ್ಲಿ ಪರಿಹಾರ ಪಡೆದುಕೊಳ್ಳತಕ್ಕದ್ದೆಂದು ಹಿಂಬರಹ ಕೊಟ್ಟು ಕಳುಹಿಸುತ್ತಾರೆ. ನ್ಯಾಯಾಲಯದಲ್ಲಿ ಗೆದ್ದೇ ಬಂದವನಿಗೆ ಪುನಃ ನ್ಯಾಯಾಲಯಕ್ಕೇ ಹೋಗೆಂದರೆ ಸಿಟ್ಟು ಬರುವುದು ಸಹಜವೇ. ಆದರೆ ಠಾಣೆಯವರು ಹೇಳಿದ್ದು ಬಹುಮಟ್ಟಿಗೆ ಸರಿಯಾದುದೇ. ಹಾಗೆಂದ ಮಾತ್ರಕ್ಕೆ ಡಿಕ್ರಿಯು ವ್ಯರ್ಥವಾಯಿತೆಂದೂ ಅಲ್ಲ. ದಾರಿಯೊಂದಿದೆ, ಅದು ನ್ಯಾಯಾಲಯದ ಮೂಲಕವಾಗಿ ಠಾಣೆಗೆ ಬರುತ್ತದೆ, ಠಾಣೆಯಿಂದ ನ್ಯಾಯಾಲಯಕ್ಕೆ ಹೋಗುವುದಿಲ್ಲ.

ಮೊದಲು ಬದುವಿನ ವಿಷಯ. ಎರೆಭೂಮಿಯು ಮಳೆಗಾಲದಲ್ಲಿ ಉಬ್ಬಿ ಬೇಸಿಗೆಯಲ್ಲಿ ಆಳವಾಗಿ ಬಿರಿಯುವ ಸ್ವಭಾವದ್ದು. ಅದರಲ್ಲಿ ನೆಟ್ಟ ಬಾಂದುಕಲ್ಲು ಕೆಲವು ವರ್ಷಗಳಲ್ಲಿಯೇ ವಾಲುತ್ತದೆ, ಹೂತುಹೋಗುತ್ತದೆ. ಯಾರೂ ಕೀಳದಿದ್ದರೂ ಕಾಣದಂತಾಗುತ್ತದೆ. ಮಣ್ಣಿನ ಬದುವಾದರೋ ಪ್ರತಿ ಬೇಸಾಯದಲ್ಲಿಯೂ ತುಸುತುಸುವಾಗಿ ಸವೆಯುತ್ತದೆ. ಇದು ಎಷ್ಟಾದೀತೆಂದು ಕೇಳುವವರು ಒಂದು ಲೆಕ್ಕವನ್ನು ನೋಡಬಹುದು. ಹೊಲದ ಒಂದು ಮಗ್ಗುಲು 660 ಅಡಿ, ಎಂದರೆ 33 ಅಡಿಯ ಸರಪಳಿಯಲ್ಲಿ ಇಪ್ಪತ್ತು ಸರಪಳಿ ಉದ್ದವಿದೆಯೆಂದೂ, ನೆರೆಯವನ ನೇಗಿಲು ವರ್ಷಕ್ಕೆ ಅರ್ಧ ಅಡಿ ಮಾತ್ರ ಒಳಗೆ ಬರುತ್ತದೆಂದೂ ಇಟ್ಟುಕೊಂಡರೆ, ಇಪ್ಪತ್ತು ವರ್ಷಕ್ಕೆ ಹತ್ತು ಅಡಿಯಾಯಿತು. ಒಟ್ಟು 6,600 ಚದರ ಅಡಿ. ಒಂದು ಗುಂಟೆಗೆ 1,089 ಚದರ ಅಡಿಯಾದುದರಿಂದ ಆರು ಗುಂಟೆಗೆ ಮಿಕ್ಕಿದ ನೆಲವು ಒಂದು ದಿನವಾದರೂ ಜಗಳವಿಲ್ಲದೆ ಕೈಬಿಟ್ಟುಹೋಯಿತು. ಅಷ್ಟರಲ್ಲಿ ಹನ್ನೆರಡು ವರ್ಷಗಳು ಕಳೆದಿದ್ದರೆ, ಪ್ರತಿಕೂಲ ಸ್ವಾಧೀನದಿಂದ ಈ ನೆಲವು ತನ್ನದೇ ಆಯಿತೆಂದು ನೆರೆಯವನು ವಾದಿಸುವುದಕ್ಕೂ ಎಡೆಯಾಗುತ್ತದೆ. ವಾದಿಸಿದ ಮಾತ್ರಕ್ಕೆ ಅದು ಸಿದ್ಧವಾಗುವುದಿಲ್ಲವಾದರೂ, ವ್ಯಾಜ್ಯವು ಬೆಳೆಯುವುದಕ್ಕೆ ಅಷ್ಟು ಸಾಕು.

ಈ ಸೀಮೆಯ ಹಳೆಯ ಕಾಗದಪತ್ರಗಳಲ್ಲಿ ಬೇರೊಂದು ತೊಡಕುಂಟು. 1948ರ ಸೆಪ್ಟೆಂಬರಿನವರೆಗೆ ಕಲಬುರಗಿಯು ನಿಜಾಮರ ಹೈದರಾಬಾದು ಸಂಸ್ಥಾನಕ್ಕೆ ಸೇರಿತ್ತು. 1956ರ ನವೆಂಬರ್ 1ರಂದು ವಿಶಾಲ ಮೈಸೂರಿಗೆ ಸೇರಿತು. ಆದಕಾರಣ ಹಿಂದಿನ ದಾಖಲೆಗಳು ಉರ್ದುವಿನಲ್ಲಿಯೂ, ಇಸವಿಗಳು ಫಸಲಿಯಲ್ಲಿಯೂ ಇರುತ್ತವೆ. ಫಸಲಿಗೆ 590 ಅಥವಾ 591 ಕೂಡಿಸಿದರೆ ಈಗಿನ ಇಸವಿ ದೊರೆಯುತ್ತದೆ. ಸಂಸ್ಥಾನದ ಭೂಕಂದಾಯ ಕಾನೂನು 1317 ಫಸಲಿಯದೆಂದರೆ 1907-08ರದೆಂದು ತಿಳಿಯತಕ್ಕದ್ದು. ಸೇತ್ವಾರು, 1954-55ರ ಖಾಸ್ರಾ ಪಹಣಿ, ಮೋಜಣಿ ಇಲಾಖೆಯ ಟಿಪ್ಪಣಿ ಮತ್ತು ಆಕಾರಬಂದು, ಈಚಿನ ಗಣಕಯಂತ್ರದ ಪಹಣಿ, ಇವುಗಳಲ್ಲಿ ಒಂದೇ ಹೊಲದ ವಿಸ್ತೀರ್ಣವು ಒಂದೆರಡು ಗುಂಟೆ ಹೆಚ್ಚು ಕಡಿಮೆಯಾಗಿರುವುದು ಅಪರೂಪವಲ್ಲ. ಸರ್ವೆ ನಂಬರು ಒಡೆದು ಹಿಸ್ಸಾ ಆಗಿದ್ದರೆ, ಡಿಕ್ರಿಯಲ್ಲಿ ಹಳೆಯ ನಂಬರೂ ಪಹಣಿಯಲ್ಲಿ ಹೊಸ ನಂಬರೂ ಇರುತ್ತವೆ. ಠಾಣೆಯ ಅಧಿಕಾರಿಗೆ ಈ ಎರಡು ಕಾಗದಗಳು ಒಂದೇ ಹೊಲದವೆಂದು ತಿಳಿಯುವ ಬಗೆಯಾದರೂ ಯಾವುದು? ಪೊಲೀಸರು ಹಿಂಜರಿಯುವುದಕ್ಕೆ ಉದಾಸೀನಕ್ಕಿಂತ ಹೆಚ್ಚಾಗಿ ಈ ಗೊಂದಲವೇ ಹಲವು ವೇಳೆ ಕಾರಣವಾಗಿರುತ್ತದೆ.

ಹೀಗಿರಲಾಗಿ, ಡಿಕ್ರಿಯುಳ್ಳವರು ಮೊಟ್ಟಮೊದಲು ಮಾಡತಕ್ಕ ಕೆಲಸವೆಂದರೆ ಆ ಡಿಕ್ರಿಯನ್ನು ಓದಿಸಿ ತಿಳಿದುಕೊಳ್ಳುವುದು. ಗೆದ್ದೆವೆಂಬುದಷ್ಟೇ ಮನೆಯಲ್ಲಿ ನೆನಪಿರುತ್ತದೆ. ಏನನ್ನು ಗೆದ್ದೆವೆಂಬುದು ನೆನಪಿರುವುದಿಲ್ಲ. ಹಕ್ಕನ್ನು ಸಾರುವ ಘೋಷಣೆಯ ಡಿಕ್ರಿಯೊಂದೇ ಇದ್ದರೆ, ಅದು ಹಕ್ಕಿಗೆ ಆಧಾರವಾದರೂ ಅಮಲ್ಜಾರಿ ಮಾಡಿಸತಕ್ಕಂಥದಲ್ಲ. ಅದರ ಬಲದಿಂದ ಯಾರನ್ನೂ ಹೊರಗೆ ಹಾಕಿಸಲಾಗುವುದಿಲ್ಲ. ಸ್ವಾಧೀನ ಕೊಡಿಸತಕ್ಕದ್ದೆಂಬ ಡಿಕ್ರಿಯಾಗಿದ್ದರೆ 1963ರ ಕಾಲಪರಿಮಿತಿ ಕಾಯಿದೆಯ 136ನೆಯ ಅನುಚ್ಛೇದದ ಮೇರೆಗೆ ಹನ್ನೆರಡು ವರ್ಷಗಳೊಳಗಾಗಿ ಅಮಲ್ಜಾರಿ ಅರ್ಜಿಯನ್ನು ಹಾಕತಕ್ಕದ್ದು. ಆ ಅವಧಿ ಮೀರಿದ ಮೇಲೆ ಡಿಕ್ರಿಯು ಜೀವವಿಲ್ಲದ ಕಾಗದವೇ ಸರಿ. ಗೋಡೆ ಕೆಡವತಕ್ಕದ್ದು, ಬೇಲಿ ತೆಗೆಯತಕ್ಕದ್ದು ಎಂಬಂಥ, ಏನನ್ನಾದರೂ ಮಾಡೆಂದು ವಿಧಿಸುವ ಆಜ್ಞೆಗೆ ಅವಧಿಯು ಇನ್ನೂ ಚಿಕ್ಕದು, ಮೂರೇ ವರ್ಷ. ಪಾಲುಪಟ್ಟಿಯ ದಾವೆಯಲ್ಲಿ ಪ್ರಾಥಮಿಕ ಡಿಕ್ರಿಯಾಗಿ ನಿಂತಿದ್ದರೆ ಅಂತಿಮ ಡಿಕ್ರಿಯು ಆಗುವ ತನಕ ಬದು ಹಾಕಿಸುವ ಮಾತೇ ಇಲ್ಲ. ಸರ್ಕಾರಕ್ಕೆ ಕಂದಾಯ ತೆರುವ ಜಮೀನನ್ನು ಭಾಗ ಮಾಡಿಕೊಡುವುದು ಸಿವಿಲ್ ಪ್ರಕ್ರಿಯಾ ಸಂಹಿತೆಯ 54ನೆಯ ಪ್ರಕರಣದಂತೆ ಜಿಲ್ಲಾಧಿಕಾರಿಗಳ ಮೂಲಕ ನಡೆಯತಕ್ಕ ಕಾರ್ಯವಾಗಿರುತ್ತದೆ.

ಬದುವಿನ ವ್ಯಾಜ್ಯಗಳಲ್ಲಿ ಹೆಚ್ಚಾಗಿ ದೊರೆಯುವುದು ಶಾಶ್ವತ ನಿರ್ಬಂಧಕಾಜ್ಞೆಯ ಡಿಕ್ರಿ. ಎಂದರೆ ವಾದಿಯ ಸ್ವಾಧೀನಕ್ಕೆ ಪ್ರತಿವಾದಿಯು ಅಡ್ಡಿಪಡಿಸಕೂಡದೆಂಬ ಆಜ್ಞೆ. ರೈತರು ಹಳೆಯದಾಯಿತೆಂದು ಕೈಬಿಡುವುದೂ ಇದನ್ನೇ. ಆದರೆ ಮೇಲೆ ಹೇಳಿದ 136ನೆಯ ಅನುಚ್ಛೇದವೇ ಶಾಶ್ವತ ನಿರ್ಬಂಧಕಾಜ್ಞೆಯ ಅಮಲ್ಜಾರಿಗೆ ಯಾವ ಕಾಲಮಿತಿಯೂ ಇಲ್ಲವೆಂದು ಸ್ಪಷ್ಟವಾಗಿ ಹೇಳುತ್ತದೆ. ಡಿಕ್ರಿಯು ನಾಲ್ವತ್ತು ವರ್ಷದ ಹಿಂದಿನದಾದರೂ, ನಿನ್ನೆ ನಡೆದ ಉಲ್ಲಂಘನೆಗೆ ಇಂದು ಅರ್ಜಿಯನ್ನು ಹಾಕಬಹುದು.

ಸೋತವನು ತೀರಿಕೊಂಡಿದ್ದರೆ ಏನು ಗತಿಯೆಂಬ ಸಂದೇಹವು ಬಹುಕಾಲ ಇತ್ತು. ಆಜ್ಞೆಯು ಮನುಷ್ಯನನ್ನು ಕಟ್ಟುತ್ತದೆಯೇ ಹೊರತು ನೆಲದೊಡನೆ ಹೋಗುವುದಿಲ್ಲ, ಆದಕಾರಣ ಅವನ ಮಕ್ಕಳ ಮೇಲೆ ಅದು ನಡೆಯಲಾರದು ಎಂಬುದು ಒಂದು ವಾದ. ಕರ್ನಾಟಕದಿಂದಲೇ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಗಿದ್ದ ಒಂದು ವ್ಯಾಜ್ಯದಲ್ಲಿ ಈ ಪ್ರಶ್ನೆಯು ಎದ್ದಿತು. ಡಿಕ್ರಿಯಾದ ಮೇಲೆ ಪ್ರತಿವಾದಿಯು ತೀರಿಕೊಂಡು, ಅವನ ವಾರಸುದಾರರು ಜಮೀನಿನ ಸ್ವಾಧೀನಕ್ಕೆ ಅಡ್ಡಬಂದಿದ್ದರು. ವಾರಸುದಾರರ ಮೇಲೆ ಡಿಕ್ರಿಯು ನಡೆಯದೆಂದು ರಾಜ್ಯದ ಉಚ್ಚ ನ್ಯಾಯಾಲಯವು ಹೇಳಿದ್ದನ್ನು ಸರ್ವೋಚ್ಚ ನ್ಯಾಯಾಲಯವು 2017ರ ಫೆಬ್ರವರಿಯಲ್ಲಿ ತಳ್ಳಿಹಾಕಿ, ಆಸ್ತಿಗೆ ಸಂಬಂಧಿಸಿದ ಹಕ್ಕಿನ ಬಗೆಗೆ ಆದ ನಿರ್ಬಂಧಕಾಜ್ಞೆಯನ್ನು ಸಂಹಿತೆಯ 50ನೆಯ ಪ್ರಕರಣದ ಮೇರೆಗೆ ವಾರಸುದಾರರ ಮೇಲೂ ಅಮಲ್ಜಾರಿ ಮಾಡಬಹುದೆಂದು ತೀರ್ಮಾನಿಸಿತು. ಮಕ್ಕಳ ಮೇಲೆ ಹೊಸ ದಾವೆ ಹೂಡಿ ಮತ್ತೆ ಇಪ್ಪತ್ತು ವರ್ಷ ಅಲೆಯುವ ಕಷ್ಟವು ಈ ತೀರ್ಪಿನಿಂದ ಎಷ್ಟೋ ಮನೆಗಳಿಗೆ ತಪ್ಪಿರುತ್ತದೆ. ಶರಣಸಿರಸಗಿಯ ಪೆಟ್ಟಿಗೆಯಲ್ಲಿರುವ ಡಿಕ್ರಿಗೂ ಇದೇ ನಿಯಮವು ಅನ್ವಯಿಸುತ್ತದೆ.

ಇನ್ನು ಪೊಲೀಸರ ವಿಷಯ. ಜಮೀನು ಯಾರದು, ಮೇರೆ ಯಾವುದು ಎಂದು ನಿರ್ಣಯಿಸುವ ಅಧಿಕಾರವು ಪೊಲೀಸರಿಗಿಲ್ಲ, ಇರಕೂಡದು ಕೂಡ. ಠಾಣೆಯಲ್ಲಿ ಹೊಲದ ನ್ಯಾಯ ತೀರುವುದಾದರೆ, ಬಲವುಳ್ಳವನಿಗೂ ಹಣವುಳ್ಳವನಿಗೂ ಅದು ಮೊದಲು ತೀರುತ್ತದೆ. ಸರ್ವೋಚ್ಚ ನ್ಯಾಯಾಲಯವು ಕೇರಳದ ಒಂದು ವ್ಯಾಜ್ಯದಲ್ಲಿ 2006ರಲ್ಲಿ ಈ ಅಂಶವನ್ನೇ ವಿಚಾರ ಮಾಡಿತು. ಇನ್ನೂ ತೀರ್ಮಾನವಾಗದ ಹಕ್ಕನ್ನು ಸ್ಥಾಪಿಸಿಕೊಳ್ಳುವುದಕ್ಕಾಗಿ ಪೊಲೀಸ್ ರಕ್ಷಣೆಯನ್ನು ಬೇಡಿ ರಿಟ್ ಅರ್ಜಿ ಹಾಕುವುದು ಸಲ್ಲದೆಂದೂ, ಸಿವಿಲ್ ನ್ಯಾಯಾಲಯದ ಡಿಕ್ರಿಯಿಂದ ಅಥವಾ ಆಜ್ಞೆಯಿಂದ ಸ್ಥಿರಪಟ್ಟ ಹಕ್ಕನ್ನು ಕಾಪಾಡುವಷ್ಟಕ್ಕೆ ಅಂಥ ಅರ್ಜಿಗೆ ಅವಕಾಶವುಂಟೆಂದೂ ಅಲ್ಲಿ ತಿಳಿಸಲ್ಪಟ್ಟಿತು. ಅಮಲ್ಜಾರಿಯ ವಿಷಯದಲ್ಲಿಯಾದರೋ 2021ರ ಏಪ್ರಿಲ್ 22ರ ತೀರ್ಪು ಇನ್ನೂ ನೇರವಾಗಿದೆ. ಅದರಂತೆ, ಪೊಲೀಸರ ನೆರವಿಲ್ಲದೆ ಡಿಕ್ರಿಯನ್ನು ನಡೆಸುವುದು ಸಾಧ್ಯವಿಲ್ಲವೆಂದು ಮನಗಂಡರೆ, ಅಮಲ್ಜಾರಿ ನ್ಯಾಯಾಲಯವು ಸಂಬಂಧಪಟ್ಟ ಠಾಣೆಗೆ ನೆರವು ಕೊಡುವಂತೆ ಆಜ್ಞಾಪಿಸಬಹುದು. ಅರ್ಜಿಯು ದಾಖಲಾದ ಆರು ತಿಂಗಳೊಳಗೆ ಅಮಲ್ಜಾರಿಯನ್ನು ಮುಗಿಸತಕ್ಕದ್ದು. 2025ರಲ್ಲಿ ಅದೇ ನ್ಯಾಯಾಲಯವು ದೇಶದ ಉಚ್ಚ ನ್ಯಾಯಾಲಯಗಳಿಂದ ಲೆಕ್ಕ ತರಿಸಿದಾಗ ಎಂಟು ಲಕ್ಷಕ್ಕೂ ಮಿಕ್ಕಿ ಅಮಲ್ಜಾರಿ ಅರ್ಜಿಗಳು ಬಾಕಿಯಿರುವುದು ತಿಳಿದುಬಂದಿತು. ಆದಕಾರಣ ಆರು ತಿಂಗಳೆಂಬುದನ್ನು ರೈತರು ಪಂಚಾಂಗದ ಲೆಕ್ಕದಂತೆ ನಂಬಿ ಕೂರಲಾಗದು. ಆದರೆ ವಕೀಲರ ಮೂಲಕ ನ್ಯಾಯಾಲಯಕ್ಕೆ ಅದನ್ನು ನೆನಪಿಸುವುದಕ್ಕೆ ಸಂಕೋಚಪಡಬೇಕಾದುದಿಲ್ಲ.

ಅರ್ಜಿಯನ್ನು ಎಲ್ಲಿ ಹಾಕತಕ್ಕದ್ದು? ಡಿಕ್ರಿಯನ್ನು ಕೊಟ್ಟ ನ್ಯಾಯಾಲಯದಲ್ಲಿ. ಹಿಂದೆ ಕಲಬುರಗಿ ತಾಲ್ಲೂಕಿನಲ್ಲಿದ್ದು ಈಗ ಹೊಸ ಕಮಲಾಪುರ ತಾಲ್ಲೂಕಿಗೆ ಸೇರಿದ ಗ್ರಾಮಗಳವರಿಗೆ ಇಲ್ಲಿ ಸಂದೇಹ ಬರಬಹುದು. ಪ್ರದೇಶವು ಬೇರೆ ನ್ಯಾಯಾಲಯದ ವ್ಯಾಪ್ತಿಗೆ ಹೋದ ಮಾತ್ರಕ್ಕೆ ಡಿಕ್ರಿ ಕೊಟ್ಟ ನ್ಯಾಯಾಲಯವು ಅಮಲ್ಜಾರಿಯ ಅಧಿಕಾರವನ್ನು ಕಳೆದುಕೊಳ್ಳುವುದಿಲ್ಲವೆಂದು ಸಂಹಿತೆಯ 37ನೆಯ ಪ್ರಕರಣದ ವಿವರಣೆಯು ಹೇಳುತ್ತದೆ. ಕಂದಾಯದ ಕಾಗದಗಳು ಮಾತ್ರ ಆಯಾ ತಾಲ್ಲೂಕಿನ ತಹಸೀಲ್ದಾರರ ಕಚೇರಿಯಿಂದ ಬರತಕ್ಕವು. ಠಾಣೆಯ ಹೆಸರನ್ನೂ ವಿಚಾರಿಸಿಕೊಂಡೇ ಬರೆಯಿಸತಕ್ಕದ್ದು. ಕಲಬುರಗಿಯಲ್ಲಿ ನಗರ ಪೊಲೀಸ್ ಆಯುಕ್ತರ ವ್ಯಾಪ್ತಿಯೇ ಬೇರೆ, ಜಿಲ್ಲಾ ಪೊಲೀಸ್ ಅಧೀಕ್ಷಕರ ವ್ಯಾಪ್ತಿಯೇ ಬೇರೆ. ಠಾಣೆ ತಪ್ಪಿದ ಆಜ್ಞೆಯು ಅತ್ತಿಂದಿತ್ತ ತಿರುಗುವಷ್ಟರಲ್ಲಿ ಬಿತ್ತನೆಯೇ ಮುಗಿದಿರುತ್ತದೆ.

ಅರ್ಜಿಯ ಜತೆಯಲ್ಲಿ ಡಿಕ್ರಿಯ ದೃಢೀಕೃತ ನಕಲು, ಇತ್ತಂಡದ ವಾರಸುದಾರರ ವಿವರ, ಈಚಿನ ಪಹಣಿ, ಟಿಪ್ಪಣಿಯ ನಕಲು, ಉಲ್ಲಂಘನೆ ನಡೆದ ದಿನಾಂಕ ಮತ್ತು ರೀತಿ ಇವೆಲ್ಲ ಇರತಕ್ಕದ್ದು. ಡಿಕ್ರಿಯಾಗಿ ಎರಡು ವರ್ಷಗಳು ಮೀರಿದ್ದರೂ, ಅರ್ಜಿಯು ವಾರಸುದಾರರ ಮೇಲಾಗಿದ್ದರೂ, ಮೊದಲು ಅವರಿಗೆ ನೋಟೀಸು ಹೋಗುತ್ತದೆ. ಇದು ವಿಳಂಬಕ್ಕೆ ಕಾರಣವಾದರೂ, ಎದುರು ಪಕ್ಷದವರ ಮಾತನ್ನು ಕೇಳದೆ ಮನೆಬಾಗಿಲಿಗೆ ಪೊಲೀಸರನ್ನು ಕಳುಹಿಸಬಾರದೆಂಬ ನ್ಯಾಯವು ಇದರಲ್ಲಿದೆ. ಪೊಲೀಸ್ ನೆರವಿಗಾಗಿ ಬೇರೆ ಮಧ್ಯಂತರ ಅರ್ಜಿಯನ್ನು ಹಾಕಿ, ಯಾವ ಕಾರಣದಿಂದ ಆ ನೆರವು ಬೇಕಾಯಿತೆಂಬುದನ್ನು ಪ್ರಮಾಣಪತ್ರದಲ್ಲಿ ವಿವರಿಸತಕ್ಕದ್ದು. ಅಮೀನನು ಒಮ್ಮೆ ಹೋಗಿ ಅಡ್ಡಿಯಾಗಿ ಹಿಂದಿರುಗಿದ್ದರೆ ಅವನ ವರದಿಯೂ, ಠಾಣೆಯು ಹಿಂದೆ ಕೊಟ್ಟ ಹಿಂಬರಹವೂ ಇಲ್ಲಿ ಒಳ್ಳೆಯ ಆಧಾರಗಳು. ಸಿಟ್ಟಿನಿಂದ ಆ ಹಿಂಬರಹವನ್ನು ಹರಿದು ಹಾಕಿದವರು ತಮ್ಮ ಸಾಕ್ಷ್ಯವನ್ನೇ ಹರಿದಂತಾಗುತ್ತದೆ.

ಎಲ್ಲಕ್ಕಿಂತ ಕಠಿನವಾದ ಘಟ್ಟವು ಗುರುತಿನದು. ಅಮಲ್ಜಾರಿ ನ್ಯಾಯಾಲಯವು ಡಿಕ್ರಿಯಲ್ಲಿಲ್ಲದ್ದನ್ನು ಹೊಸದಾಗಿ ಸೇರಿಸಲಾರದು. ಡಿಕ್ರಿಯಲ್ಲಿ ಪೂರ್ವಕ್ಕೆ ಇಂಥವರ ಹೊಲ, ಪಶ್ಚಿಮಕ್ಕೆ ಬಂಡಿದಾರಿ ಎಂದಷ್ಟೇ ಇದ್ದು, ಆ ಹೊಲವು ಮೂರು ಕೈ ಬದಲಾಗಿ, ಬಂಡಿದಾರಿಯು ಡಾಂಬರು ರಸ್ತೆಯಾಗಿ ಅಗಲವಾಗಿದ್ದರೆ, ಮೋಜಣಿದಾರನನ್ನು ಕಮಿಷನರನನ್ನಾಗಿ ನೇಮಿಸಿ ಸ್ಥಳದಲ್ಲಿ ಅಳತೆ ಮಾಡಿಸಿಕೊಡಬೇಕೆಂದು ನ್ಯಾಯಾಲಯವನ್ನು ಕೇಳಿಕೊಳ್ಳತಕ್ಕದ್ದು. ತಹಸೀಲ್ದಾರರ ಕಚೇರಿಯ ಮೂಲಕ ಹದ್ದುಬಸ್ತು ಮಾಡಿಸಿ ನಕ್ಷೆಯನ್ನು ಪಡೆದಿದ್ದರೆ ಕೆಲಸವು ಹಗುರವಾಗುತ್ತದೆ. ಆದರೆ ಹದ್ದುಬಸ್ತೇ ಡಿಕ್ರಿಯಲ್ಲ. ಮೋಜಣಿದಾರನು ಮೇರೆಯನ್ನು ತೋರಿಸಿದನೆಂದು ಆ ದಿನವೇ ಟ್ರ್ಯಾಕ್ಟರು ಹೊಡೆದು ನೆರೆಯವನ ಬೆಳೆಯನ್ನು ಕೆಡಿಸಿದವರು, ಗೆಲ್ಲಬೇಕಾದ ವ್ಯಾಜ್ಯದಲ್ಲಿ ತಾವೇ ಆರೋಪಿಗಳಾಗಿ ನಿಲ್ಲಬೇಕಾಗುತ್ತದೆ.

ಕಾಲವನ್ನೂ ನೋಡಿಕೊಳ್ಳತಕ್ಕದ್ದು. ಈ ಸೀಮೆಯಲ್ಲಿ ತೊಗರಿಯ ಕೊಯ್ಲು ಪುಷ್ಯ ಮಾಘಗಳ ಹೊತ್ತಿಗೆ ಮುಗಿದು, ಹಿಂಗಾರಿ ಜೋಳವೂ ಫಾಲ್ಗುಣದೊಳಗೆ ತೆಗೆಯಲ್ಪಟ್ಟು, ಹೊಲವು ಬಯಲಾಗುವುದು ಬೇಸಿಗೆಯಲ್ಲಿ. ಅಳೆಯುವುದಕ್ಕೂ ಕಲ್ಲು ನೆಡುವುದಕ್ಕೂ ಅದೇ ತಕ್ಕ ಸಮಯ. ಆದರೆ ಸಿವಿಲ್ ನ್ಯಾಯಾಲಯಗಳಿಗೆ ಬೇಸಿಗೆಯ ರಜೆ ಬರುವುದೂ ಆಗಲೇ. ಆದುದರಿಂದ ದಸರೆಯು ಕಳೆದೊಡನೆ ಅರ್ಜಿಯನ್ನು ಹಾಕಿ, ರಜೆಗೆ ಮೊದಲು ಆಜ್ಞೆಯನ್ನು ಪಡೆದವರಿಗೆ ಒಂದು ವರ್ಷ ಉಳಿಯುತ್ತದೆ. ನೆಲದ ಮೇಲೆ ಎದುರು ಪಕ್ಷದವರು ಬಿತ್ತಿದ ಬೆಳೆಯಿರುವಾಗ ಆಜ್ಞೆಯು ಜಾರಿಯಾಗುವಂತಿದ್ದರೆ, ಆ ಬೆಳೆಯ ವಿಲೇವಾರಿ ಹೇಗೆಂಬುದನ್ನು ನ್ಯಾಯಾಲಯದಿಂದಲೇ ಬರೆಯಿಸಿಕೊಳ್ಳುವುದು ಮೇಲು. ಕಲಹವು ಹತ್ತಿಕೊಳ್ಳುವುದು ಬಹುಶಃ ಮಣ್ಣಿನ ಮೇಲಲ್ಲ, ನಿಂತ ಬೆಳೆಯ ಮೇಲೆ.

ಆಜ್ಞೆಯು ನಡೆಯುವ ದಿನ ಅಮೀನನೂ ಮೋಜಣಿದಾರನೂ ಪೊಲೀಸರೂ ಕೂಡಿ ಹೋಗುತ್ತಾರೆ. ಪೊಲೀಸರ ಕೆಲಸವು ಅಡ್ಡಿಯನ್ನು ತಡೆಯುವುದು ಮತ್ತು ಶಾಂತಿಯನ್ನು ಕಾಪಾಡುವುದು ಮಾತ್ರ. ಸ್ವಾಧೀನ ಕೊಡುವವನು ಅಮೀನನು, ಮೇರೆ ತೋರಿಸುವವನು ಮೋಜಣಿದಾರನು. ಡಿಕ್ರಿದಾರನ ಬಂಧುಗಳು ಗುಂಪುಗೂಡಿ ಬರುವುದು ತರವಲ್ಲ. ಸ್ವಾಧೀನದ ಡಿಕ್ರಿಗೆ ಅಡ್ಡಿ ಬಂದರೆ ಸಂಹಿತೆಯ 21ನೆಯ ಆದೇಶದ 97ನೆಯ ನಿಯಮದಂತೆ ದೂರು ಕೊಡಬಹುದು. ನ್ಯಾಯಸಮ್ಮತ ಕಾರಣವಿಲ್ಲದೆ ಅಡ್ಡಿಯನ್ನು ಮುಂದುವರಿಸಿದವರನ್ನು ಮೂವತ್ತು ದಿನಗಳವರೆಗೆ ಸಿವಿಲ್ ಸೆರೆಯಲ್ಲಿಡಲು ಅಧಿಕಾರವುಂಟು. ನಿರ್ಬಂಧಕಾಜ್ಞೆಯನ್ನು ಬುದ್ಧಿಪೂರ್ವಕವಾಗಿ ಮೀರಿದವರಿಗೆ ಅದೇ ಆದೇಶದ 32ನೆಯ ನಿಯಮದ ಮೇರೆಗೆ ಸಿವಿಲ್ ಸೆರೆ ಅಥವಾ ಆಸ್ತಿಯ ಜಪ್ತಿ ಅಥವಾ ಎರಡೂ ಆಗಬಹುದು. ಜಪ್ತಿಯಾಗಿ ಆರು ತಿಂಗಳಾದರೂ ಆಜ್ಞೆಗೆ ಮಣಿಯದಿದ್ದರೆ ಆ ಆಸ್ತಿಯನ್ನು ಮಾರಿಸಿ ಪರಿಹಾರ ಕೊಡಿಸಬಹುದು. 2002ರ ತಿದ್ದುಪಡಿಯ ತರುವಾಯ, ಒಡೆದ ಬದುವನ್ನು ಉಲ್ಲಂಘಿಸಿದವರ ವೆಚ್ಚದಲ್ಲಿ ಮತ್ತೆ ಹಾಕಿಸುವುದಕ್ಕೂ ಇದೇ ನಿಯಮದಲ್ಲಿ ದಾರಿಯಿದೆ.

ನೇರವಾಗಿ ಠಾಣೆಗೆ ಹೋಗತಕ್ಕ ಸಂದರ್ಭಗಳು ಇಲ್ಲವೇ ಇಲ್ಲವೆಂದಲ್ಲ. ಹೊಡೆದಾಟ, ಬೆದರಿಕೆ, ಬೆಳೆಗೆ ಬೆಂಕಿ, ಅತಿಕ್ರಮ ಪ್ರವೇಶ ಇವು ಅಪರಾಧಗಳು. ಸಿವಿಲ್ ವ್ಯಾಜ್ಯವಿದೆಯೆಂಬ ಕಾರಣದಿಂದ ಅವು ಅಪರಾಧವಲ್ಲದೆ ಹೋಗುವುದಿಲ್ಲ. ಸರ್ಕಾರಿ ಅಧಿಕಾರಿಯು ನೆಡಿಸಿದ ಬಾಂದುಕಲ್ಲನ್ನು ಕೀಳುವುದು ಅಥವಾ ಸರಿಸುವುದು 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 326ನೆಯ ಪ್ರಕರಣದಲ್ಲಿ ಶಿಕ್ಷಾರ್ಹವಾಗಿದೆ. ಒಂದು ವರ್ಷದವರೆಗೆ ಸೆರೆಯಾಗಬಹುದು. ಜಮೀನಿನ ಸಂಬಂಧವಾಗಿ ಶಾಂತಿಭಂಗದ ಭಯವಿದ್ದಾಗ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ವಿಚಾರಣೆ ನಡೆಸುವ ಕ್ರಮವೂ ಉಂಟು. ಹಿಂದಿನ 145ನೆಯ ಪ್ರಕರಣವು ಈಗ ನಾಗರಿಕ ಸುರಕ್ಷಾ ಸಂಹಿತೆಯ 164ನೆಯ ಪ್ರಕರಣವಾಗಿದೆ. ಆದರೆ ಸಿವಿಲ್ ನ್ಯಾಯಾಲಯದ ತೀರ್ಪಿಗೆ ಎಡೆಯಾದ ವಿಷಯದಲ್ಲಿ ಅದಕ್ಕೆ ಸಮಾನಾಂತರವಾಗಿ ಇದನ್ನು ನಡೆಸುವುದು ಯುಕ್ತವಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 1985ರಲ್ಲಿಯೇ ಹೇಳಿರುವುದರಿಂದ, ಡಿಕ್ರಿಯಿದ್ದವರು ಈ ಸುತ್ತುದಾರಿಯನ್ನು ಹಿಡಿಯಬೇಕಾದ ಅಗತ್ಯವಿಲ್ಲ.

ಗ್ರಾಮದ ಹಿರಿಯರ ಪಾತ್ರವು ಇಲ್ಲಿ ಕಡಿಮೆಯಾದುದಲ್ಲ. ಪಟೇಲಿಕೆ ಕುಲಕರ್ಣಿಕೆಗಳು 1963ರಲ್ಲಿ ರದ್ದಾಗಿದ್ದರೂ, ಹಳೆಯ ಬಾಂದುಕಲ್ಲು ಯಾವ ಬೇವಿನ ಬುಡದಲ್ಲಿತ್ತೆಂದು ಬಲ್ಲವರು ಇವರೇ. ಡಿಕ್ರಿಯ ವಿರುದ್ಧ ಪಂಚಾಯಿತಿ ಮಾಡಲಾಗದು. ಆದರೆ ಡಿಕ್ರಿಯನ್ನು ಒಪ್ಪಿಕೊಂಡು ಮೇರೆಯನ್ನು ಗುರುತಿಸುವಂತೆ ಇತ್ತಂಡದವರನ್ನು ಕೂರಿಸುವುದು ಆಗತಕ್ಕ ಕೆಲಸವೇ. ಅಂಥ ಒಪ್ಪಂದವನ್ನು ನಕ್ಷೆಯ ಸಹಿತವಾಗಿ ಲೋಕ ಅದಾಲತಿನಲ್ಲಿ ಬರೆಯಿಸಿದರೆ, 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯ ಮೇರೆಗೆ ಅದಕ್ಕೆ ಡಿಕ್ರಿಯ ಬಲವೇ ಬರುತ್ತದೆ. ವಕೀಲರ ಶುಲ್ಕಕ್ಕೆ ಅನುಕೂಲವಿಲ್ಲದ ಹೆಂಗಸರಿಗೂ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೂ ತಾಲ್ಲೂಕು ಕಾನೂನು ಸೇವಾ ಸಮಿತಿಯಿಂದ ಉಚಿತ ನೆರವು ದೊರೆಯುವುದನ್ನು ಹಿರಿಯರು ತಿಳಿಸಿಕೊಡಬಹುದು. ವಿಧವೆಯೊಬ್ಬಳ ಕೈಯಲ್ಲಿರುವ ಡಿಕ್ರಿಯೇ ಎಲ್ಲಕ್ಕಿಂತ ಹೆಚ್ಚು ಕಾಲ ಪೆಟ್ಟಿಗೆಯಲ್ಲಿ ಉಳಿಯತಕ್ಕಂಥದು.

ಸ್ವಾಧೀನವೋ ಮೇರೆಯೋ ಸ್ಥಿರಪಟ್ಟ ದಿನವೇ ಪಂಚನಾಮೆಯ ಮತ್ತು ಅಮೀನನ ವರದಿಯ ನಕಲುಗಳಿಗೆ ಅರ್ಜಿ ಕೊಡತಕ್ಕದ್ದು. ಬಾಂದುಕಲ್ಲುಗಳನ್ನು ಎರೆಮಣ್ಣಿನ ಬಿರುಕು ಇಳಿಯುವ ಆಳಕ್ಕಿಂತ ಕೆಳಗೆ, ಗರಸು ತುಂಬಿ ನೆಡಿಸಿದರೆ ವಾಲುವುದು ಕಡಿಮೆ. ಮೇರೆಯ ಗುರುತುಗಳನ್ನು ಸುಸ್ಥಿತಿಯಲ್ಲಿಡುವ ಹೊಣೆಯನ್ನು 1964ರ ಕರ್ನಾಟಕ ಭೂಕಂದಾಯ ಕಾಯಿದೆಯು ಹಿಡುವಳಿದಾರನ ಮೇಲೆಯೇ ಹೊರಿಸಿದೆ. ಪ್ರತಿ ವರ್ಷ ಮುಂಗಾರಿನ ಹರಗುವಿಕೆಗೆ ಮುಂಚೆ ಕಲ್ಲುಗಳನ್ನು ಒಮ್ಮೆ ನೋಡಿ ಬಂದು, ಒಂದು ಕಾಣದಿದ್ದರೂ ಗ್ರಾಮ ಆಡಳಿತಾಧಿಕಾರಿಗೆ ಬರಹದಲ್ಲಿ ತಿಳಿಸಿ ಸ್ವೀಕೃತಿಯನ್ನು ಪಡೆಯತಕ್ಕದ್ದು. ಎದುರು ಪಕ್ಷದವರು ಮರಳಿ ಬದುವನ್ನು ಒಡೆದರೆ ಅದು ಹೊಸ ಉಲ್ಲಂಘನೆಯೇ ಆಗುತ್ತದೆ. ಅದೇ ಡಿಕ್ರಿಯ ಮೇಲೆ ಹೊಸ ಅಮಲ್ಜಾರಿ ಅರ್ಜಿಯನ್ನು ಹಾಕುವುದಕ್ಕೆ ಅಡ್ಡಿಯಿಲ್ಲ.